ಪಚ್ಚಿಲೆ ಹಗ್ಗಕ್ಕೆ ಅಂಟಿ ಬಂದ ಕಪ್ಪು ಚಿಪ್ಪು: ಕಡಲಿಗೆ ಹೊರಗಿನಿಂದ ಬರುವ ಜೀವಿಗಳ ಬಗ್ಗೆ ಓದುಗರ ಪ್ರಶ್ನೆ, ತಜ್ಞರ ಉತ್ತರ

ಹೊರಗಿನಿಂದ ಬಂದು ನಮ್ಮ ನೀರಿನಲ್ಲಿ ಬೇರೂರುವ ಜೀವಿಗಳ ಬಗ್ಗೆ ಓದುಗರು ಕಳಿಸಿದ ಪ್ರಶ್ನೆಗಳಲ್ಲಿ ಆರನ್ನು ಈ ಬಾರಿ ಎತ್ತಿಕೊಂಡಿದ್ದೇವೆ. ಮೊದಲ ಪ್ರಶ್ನೆಗೆ ಉತ್ತರ ಉದ್ದವಾಗಿದೆ. ಪಚ್ಚಿಲೆಯ (ಹಸಿರು ಚಿಪ್ಪಿನ ತಿನ್ನುವ ಮೃದ್ವಂಗಿ) ಬೀಜ, ಅಂದರೆ ಮರಿ, ಇಳಿಸುವ ಹೊತ್ತಿಗೆ ಅದೇ ಹೆಚ್ಚು ಜನರಿಗೆ ಬೇಕಾದದ್ದು.

ಪ್ರಶ್ನೆ: ಅಳಿವೆಯಲ್ಲಿ ಪಚ್ಚಿಲೆ ಸಾಕುತ್ತೇವೆ. ಬೀಜವನ್ನು ಹೊರಗಿನಿಂದ ತರಿಸುವುದು. ಈ ಸಲ ಹಗ್ಗದಲ್ಲಿ ಪಚ್ಚಿಲೆಯ ನಡುವೆ ಸಣ್ಣ ಕಪ್ಪು ಚಿಪ್ಪುಗಳ ಗೊಂಚಲು ಕಾಣಿಸಿದೆ. ಹಗ್ಗವನ್ನು ಸಿಹಿನೀರಿನಲ್ಲಿ ಅದ್ದಿಟ್ಟರೆ ಅವು ಸಾಯುತ್ತವೆ ಎಂದು ಒಬ್ಬರು ಹೇಳಿದರು. ಹಾಗೆ ಮಾಡಬಹುದೇ? (ಕುಂದಾಪುರ ಕಡೆಯ ಕೃಷಿಕರು)

ಅದ್ದಬೇಡಿ. ಮೊದಲು ಸಾಯುವುದು ನಿಮ್ಮ ಪಚ್ಚಿಲೆಯೇ.

ನೀವು ನವೆಂಬರ್–ಡಿಸೆಂಬರಿನಲ್ಲಿ ಬೀಜ ಕಟ್ಟಿ ಏಪ್ರಿಲ್–ಮೇ ಒಳಗೆ ಕೊಯ್ಲು ಮುಗಿಸುವುದು ಯಾಕೆ? ಮಳೆ ಬಿದ್ದು ಹೊಳೆ ನೀರು ಅಳಿವೆಗೆ ನುಗ್ಗಿದ ಮೇಲೆ ಉಪ್ಪಿನಂಶ ಕುಸಿಯುತ್ತದೆ, ಪಚ್ಚಿಲೆ ಅದನ್ನು ತಡೆಯುವುದಿಲ್ಲ. ಕೇರಳದ ಅಷ್ಟಮುಡಿ, ವೆಂಬನಾಡ್ ಹಿನ್ನೀರುಗಳಲ್ಲಿ, ಚೆನ್ನೈ ಬಳಿಯ ಎಣ್ಣೂರು–ಪುಲಿಕಾಟ್ ಭಾಗದಲ್ಲಿ ಹರಡಿರುವ ಹೊರನಾಡಿನ ಕಪ್ಪು ಚಿಪ್ಪು ‘ಚಾರು ಮಸಲ್’ (ಮೈಟೆಲ್ಲಾ ಸ್ಟ್ರೈಗಾಟಾ) ಹಾಗಲ್ಲ, ನಿಮ್ಮ ಹಗ್ಗದಲ್ಲಿರುವುದು ಅದೇ ಇರಬಹುದು. ಉಪ್ಪಿನಂಶ ನಿಧಾನವಾಗಿ ಬದಲಾದರೆ ಸಾವಿರಕ್ಕೆ 2 ಭಾಗದಿಂದ 40 ಭಾಗದವರೆಗೂ ಅದು ಬದುಕುತ್ತದೆ. ಸಮುದ್ರದ ನೀರಿನ ಉಪ್ಪು ಸುಮಾರು 35 ಎಂಬುದನ್ನು ನೆನಪಿಟ್ಟುಕೊಂಡರೆ ಇದರ ತಾಕತ್ತು ಅಂದಾಜಾದೀತು. ಅಂದರೆ ನಮ್ಮ ಮಳೆಗಾಲವೇ ಅದರ ಪಕ್ಷ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಸ್ಥಳೀಯ ಚಿಪ್ಪು ಸತ್ತು ಜಾಗ ಖಾಲಿಯಾಗುತ್ತದೆ, ಆ ಜಾಗದಲ್ಲಿ ಇದು ಕೂರುತ್ತದೆ.

ಆದರೆ ಕಪ್ಪಗಿದ್ದದ್ದೆಲ್ಲ ಚಾರು ಮಸಲ್ ಅಲ್ಲ. ಬಂಡೆಗೆ ಅಂಟುವ ಸ್ಥಳೀಯ ಸಣ್ಣ ಚಿಪ್ಪುಗಳೂ ನಮ್ಮಲ್ಲಿವೆ. ಹೊರಗಿನ ಬಣ್ಣ ನಂಬಬೇಡಿ, ಒಂದೇ ಗೊಂಚಲಿನಲ್ಲಿ ಕಪ್ಪು, ಕಂದು, ಹಸಿರುಮಿಶ್ರಿತ ಬಣ್ಣ ಮೂರೂ ಸಿಗುತ್ತದೆ. ಐದಾರು ಚಿಪ್ಪುಗಳನ್ನು ಚಾಕುವಿನಿಂದ ಬಿಡಿಸಿ, ಮಾಂಸ ಕೆರೆದು, ತೊಳೆದು, ಬೆಳಕಿಗೆ ಹಿಡಿಯಿರಿ. ಪಚ್ಚಿಲೆಯ ಒಳಮೈ ಹಾಲಿನ ಮೇಲೆ ತುಸು ನೀಲಿ ಚೆಲ್ಲಿದಂತೆ ಬೆಳ್ಳಗೆ ಹೊಳೆಯುತ್ತದೆ. ಚಾರು ಮಸಲ್‌ನ ಒಳಮೈ ಕಡುನೇರಳೆ, ಕೆಲವದರಲ್ಲಿ ಬಹುತೇಕ ಕಪ್ಪು. ಚೂಪಾದ ಮೂತಿಯ ಅಂಚಿನಲ್ಲಿ ಉಗುರು ಆಡಿಸಿದರೆ ಗರಗಸದಂಥ ಪುಟ್ಟ ಹಲ್ಲುಗಳು ತಾಗುತ್ತವೆ. ಮೂತಿಯ ಒಳಗಡೆ ಮೂಲೆಗೆ ಹೊಡೆದ ಸಣ್ಣ ಹಲಗೆಯಂತೆ ಅಡ್ಡಪಟ್ಟಿ ಇದ್ದರೆ ಅದು ಮೂರನೆಯವನು, ಮೈಟಿಲೋಪ್ಸಿಸ್. ಕೆರಿಬಿಯನ್ ಕಡೆಯ ಈ ಚಿಪ್ಪು 1967ರಲ್ಲಿ ವಿಶಾಖಪಟ್ಟಣ ಬಂದರಿನಲ್ಲಿ ಸಿಕ್ಕಿತ್ತು, ಆಮೇಲೆ ಮುಂಬೈಯಲ್ಲೂ. ಎರಡೂವರೆ ಸೆಂಟಿಮೀಟರ್ ದಾಟುವುದು ಅಪರೂಪ.

ಈಗ ಹಗ್ಗದ ವಿಷಯ. ಕೊಯ್ಲು ಹತ್ತಿರವಿದ್ದರೆ ಕಾಯಬೇಡಿ, ಬೇಗ ಎತ್ತಿ. ಹಗ್ಗವನ್ನು ನೀರಿನಲ್ಲೇ ಕುಲುಕಿ ತೊಳೆಯುವ ಅಭ್ಯಾಸ ಬಹಳ ಕಡೆ ಇದೆ. ಈ ಸಲ ಅದು ಬೇಡ, ಬಿದ್ದ ಪ್ರತಿಯೊಂದು ಗೊಂಚಲೂ ಕೆಳಗೆ ಕೆಸರಿನಲ್ಲಿ ನೆಲೆ ಹೂಡುತ್ತದೆ. ಹಗ್ಗ ಎತ್ತುವಾಗ ಕೆಳಗೆ ಬುಟ್ಟಿ ಅಥವಾ ಸಣ್ಣ ಕಣ್ಣಿನ ಬಲೆ ಹಿಡಿದು, ದಡಕ್ಕೆ ತಂದು, ಟಾರ್ಪಾಲಿನ ಮೇಲೆ ಬಿಡಿಸಿ. ಆರು ಸೆಂಟಿಮೀಟರಿನ ಮೇಲಿನ ಪಚ್ಚಿಲೆ ಆರಿಸಿ ಮಾರಿ. ಉಳಿದದ್ದನ್ನೆಲ್ಲ ಹಂಡೆಯಲ್ಲಿ ಚೆನ್ನಾಗಿ ಕುದಿಸಿಬಿಡಿ. ಕುದಿಸಿದ ಚಿಪ್ಪು ಸುಣ್ಣದ ಗೂಡಿಗೆ ಹೋಗಬಹುದು, ತೊಂದರೆಯಿಲ್ಲ. ಕುದಿಸದ್ದನ್ನು ಮಾತ್ರ ಯಾವ ಕಾರಣಕ್ಕೂ ಹೊಳೆಗೆ ಸುರಿಯಬೇಡಿ.

ಹಗ್ಗ ಮರುಬಳಕೆ ಮಾಡುವುದಾದರೆ ಅಂಟಿದ್ದನ್ನು ಕೆರೆದು, ಸುರುಳಿ ಬಿಚ್ಚಿ, ಉದ್ದಕ್ಕೆ ಹಾಸಿ ಎರಡು ವಾರ ಬಿಸಿಲಿಗೆ ಹಾಕಿ. ಸುತ್ತಿಟ್ಟ ಹಗ್ಗದ ಒಳಪದರ ದಿನಗಟ್ಟಲೆ ಹಸಿಯಾಗಿರುತ್ತದೆ, ಅಲ್ಲಿ ಕಣ್ಣಿಗೆ ಕಾಣದ ಮರಿ ಬದುಕಿರುತ್ತದೆ. ಬಿಸಿಲು ಸಾಲದಿದ್ದರೆ ಬ್ಲೀಚಿಂಗ್ ಪೌಡರ್: 100 ಲೀಟರ್ ನೀರಿಗೆ 70 ಗ್ರಾಂ (ಪೌಡರಿನಲ್ಲಿ ಶೇ. 30ರಷ್ಟು ಕ್ಲೋರಿನ್ ಇದ್ದರೆ ಲೀಟರಿಗೆ 200 ಮಿಲಿಗ್ರಾಂ ಆಗುತ್ತದೆ), ಒಂದು ರಾತ್ರಿ ನೆನೆಸುವುದು. ಇಲ್ಲಿ ಎರಡು ಎಡವಟ್ಟು ಸಾಮಾನ್ಯ. ಒಂದು, ಕರಾವಳಿಯ ಹವೆಗೆ ತೆರೆದಿಟ್ಟ ಪೌಡರ್ ಬೇಗ ಸತ್ವ ಕಳೆದುಕೊಳ್ಳುತ್ತದೆ. ಮೂಗಿಗೆ ಘಾಟು ಹೊಡೆಯದ ಪೌಡರಿನಿಂದ ಕೆಲಸವಾಗದು. ಎರಡು, ಚಿಪ್ಪು ಅಂಟಿಕೊಂಡಿರುವ ಹಗ್ಗವನ್ನೇ ಮುಳುಗಿಸುವುದು. ಕ್ಲೋರಿನ್ ವಾಸನೆ ಬಂದ ಕೂಡಲೇ ಚಿಪ್ಪು ಬಾಗಿಲು ಮುಚ್ಚುತ್ತದೆ, ದಿನಗಟ್ಟಲೆ ಮುಚ್ಚಿಕೊಂಡೇ ಕೂರಬಲ್ಲದು. ಆದ್ದರಿಂದ ಬ್ಲೀಚಿಂಗ್ ಕೆರೆದ ಹಗ್ಗಕ್ಕೆ ಮಾತ್ರ. ನೆನೆಸಿದ ನೀರನ್ನು ಎರಡು ಮೂರು ದಿನ ಬಿಸಿಲಿನಲ್ಲಿ ತೆರೆದಿಟ್ಟು, ಘಾಟು ಹೋದ ಮೇಲೆ ಹೊಳೆಯಿಂದ ದೂರ ಮಣ್ಣಿಗೆ ಚೆಲ್ಲಿ.

ಮುಂದಿನ ಸಲದ ಬೀಜಕ್ಕೆ: ಹಿನ್ನೀರಿನ ಬೀಜಕ್ಕಿಂತ ತೆರೆದ ಕಡಲಿನ ಬಂಡೆಯಿಂದ ತೆಗೆದ ಬೀಜ ಲೇಸು. ಲಾರಿ ಬಂದಾಗ ಪ್ರತಿ ಚೀಲದ ಮೇಲಿಂದ, ನಡುವಿನಿಂದ, ತಳದಿಂದ ಒಂದೊಂದು ಬೊಗಸೆ ತೆಗೆದು ಬಿಳಿ ತಟ್ಟೆಯಲ್ಲಿ ಹರಡಿ ನೋಡಿ. 15–25 ಮಿಲಿಮೀಟರಿನ ಪಚ್ಚಿಲೆ ಬೀಜ ಗಿಳಿಹಸಿರು, ನಡುವೆ ಕಪ್ಪಗಿನದು ಎದ್ದು ಕಾಣುತ್ತದೆ. ಒಂದು ಸಿಕ್ಕರೂ ಇಡೀ ಲೋಡು ಬೇಡ ಅನ್ನಿ. ಆರಿಸಿ ತೆಗೆದರಾಯಿತಲ್ಲ ಎನ್ನುವವರಿದ್ದಾರೆ. ಕಣ್ಣಿಗೆ ಬಿದ್ದ ಒಂದರ ಹಿಂದೆ ಅಕ್ಕಿಕಾಳಿಗಿಂತ ಸಣ್ಣವು ಎಷ್ಟಿವೆ ಎಂದು ಯಾರೂ ಆರಿಸಲಾರರು, ಒಂದೂಕಾಲು ಸೆಂಟಿಮೀಟರ್ ಬೆಳೆಯುವಷ್ಟರಲ್ಲಿ ಅದು ಸಂತಾನಕ್ಕೆ ಸಿದ್ಧ. ತಿರಸ್ಕರಿಸಿದ ಚೀಲವನ್ನು ಲಾರಿಯವರು ಮುಂದಿನ ಸೇತುವೆಯಿಂದ ಕೆಳಗೆ ಸುರಿಯದಂತೆ ನೋಡಿಕೊಳ್ಳುವುದೂ ನಿಮ್ಮದೇ ಕೆಲಸ ಎಂದುಕೊಳ್ಳಿ.

ಚಾರು ಮಸಲ್ ತಿನ್ನಬಹುದೇ ಎಂದು ಇನ್ನಿಬ್ಬರು ಕೇಳಿದ್ದಾರೆ. ಶುದ್ಧ ನೀರಿನದಾದರೆ ತಿನ್ನಬಹುದು, ಬ್ರೆಜಿಲ್‌ನಲ್ಲಿ ತಿನ್ನುತ್ತಾರೆ. ಆದರೆ ‘ತಿಂದು ಮುಗಿಸೋಣ’ ಎಂಬ ಲೆಕ್ಕ ನಮಗೆ ಒಪ್ಪಿಗೆಯಿಲ್ಲ. ಬೆಲೆ ಬಂತೆಂದರೆ ಮರುವರ್ಷ ಯಾರಾದರೂ ಅದನ್ನೇ ಸಾಕಲು ಹೊರಡುತ್ತಾರೆ.

ಮರುವಾಯಿ (ಕೆಸರಿನಲ್ಲಿ ಹೂತಿರುವ ತಿನ್ನುವ ಚಿಪ್ಪು) ತೆಗೆಯುವವರಿಗೂ ಒಂದು ಮಾತು. ಈ ಚಿಪ್ಪು ಬಂಡೆ, ಕಂಬಕ್ಕೆ ಮಾತ್ರ ಅಂಟುವುದಲ್ಲ. ಅಂಟುನೂಲಿನಿಂದ ಒಂದಕ್ಕೊಂದು ಹೆಣೆದುಕೊಂಡು ಕೆಸರಿನ ಮೇಲೆ ಕಂಬಳಿ ಹೊದಿಸಿದಂತೆ ಹರಡುತ್ತದೆ. ಕೆಳಗಿನ ಮರುವಾಯಿಗೆ ಉಸಿರು ಕಟ್ಟುತ್ತದೆ, ಸಿಗಡಿಗೆ ಹೂತುಕೊಳ್ಳಲು ಮಣ್ಣು ಸಿಗುವುದಿಲ್ಲ. ಎಣ್ಣೂರಿನ ಮೀನುಗಾರರ ದೂರು ಇದೇ. ಅಲ್ಲಿ ಅದನ್ನು ‘ಕಾಕಾ ಆಳಿ’ ಎನ್ನುತ್ತಾರೆ. ಇಳಿತದ ಹೊತ್ತಿನಲ್ಲಿ ಕಾಲಿಗೆ ಮೆತ್ತನೆಯ ಕೆಸರಿನ ಬದಲು ಗರಗರ ಎನ್ನುವ ಚಾಪೆ ಸಿಕ್ಕರೆ ಅಲ್ಲೇ ನಿಂತು ನೋಡಿ.

ಪ್ರಶ್ನೆ: ಮಳೆಗಾಲದಲ್ಲಿ ಬೋಟನ್ನು ಮೇಲೆಳೆದು ಅಡಿಭಾಗ ಕೆರೆಸುತ್ತೇವೆ. ಇದರಿಂದಲೂ ಹೊರಗಿನ ಜೀವಿ ಹರಡುತ್ತದೆಯೇ? (ಮಲ್ಪೆಯ ಬೋಟ್ ಮಾಲೀಕರು)

ಹರಡುತ್ತದೆ, ಅದರಲ್ಲೂ ಗೋವಾ, ರತ್ನಗಿರಿ, ಕೊಚ್ಚಿ ಕಡೆ ದಕ್ಕೆ ಮುಟ್ಟಿ ಬಂದ ಬೋಟಿನಿಂದ. ಜೂನ್ 1ರಿಂದ ಜುಲೈ 31ರವರೆಗಿನ 61 ದಿನದ ರಜೆಯೇ ಇದಕ್ಕೆ ಒಳ್ಳೆಯ ಅವಕಾಶ. ನೀರಿನಲ್ಲಿ ನಿಂತ ಬೋಟನ್ನು ಮುಳುಗುಗಾರರಿಂದ ಕೆರೆಸಬೇಡಿ. ಕೆರೆದದ್ದರಲ್ಲಿ ಬಹಳಷ್ಟು ಜೀವಂತ ಬೀಳುತ್ತದೆ, ಗಾಯವಾದ ಚಿಪ್ಪು ಆ ಏಟಿಗೇ ಮೊಟ್ಟೆ–ವೀರ್ಯ ಬಿಡುವುದೂ ಉಂಟು. ದಡದಲ್ಲಿ ಟಾರ್ಪಾಲು ಹಾಸಿ ಕೆರೆಸಿ, ರಾಶಿಯನ್ನು ಭರತದ ಗೆರೆಯಿಂದ ಮೇಲೆ ಗುಂಡಿ ತೋಡಿ ಮುಚ್ಚಿ. ಹಳೆಯ ಬಣ್ಣದ ಪುಡಿಯೂ ಅದರಲ್ಲಿರುತ್ತದೆ. ಅದರ ತಾಮ್ರ ನೀರಿಗೆ ಸೇರದಿರುವುದೂ ಮುಖ್ಯ.

ಅಗಲವಾದ ಅಡಿಭಾಗವನ್ನು ಎಲ್ಲರೂ ಚೆನ್ನಾಗಿಯೇ ಕೆರೆಸುತ್ತಾರೆ. ಉಳಿದುಹೋಗುವುದು ಮೂಲೆಗಳು: ಫ್ಯಾನಿನ ಬುಡ, ಶಾಫ್ಟ್ ಹೊರಬರುವ ತೂತು, ಚುಕ್ಕಾಣಿಯ ತಿರುಗಣೆ, ಎಂಜಿನ್ ತಣಿಸಲು ಕಡಲ ನೀರು ಎಳೆಯುವ ಪೈಪಿನ ಬಾಯಿ ಮತ್ತು ಜಾಲರಿ, ದಿಮ್ಮಿಯ ಮೇಲೆ ಕೂತ ಕಡೆ ಬಣ್ಣ ತಾಗದ ಪಟ್ಟಿ. ಮೇಲೆಳೆದ ಬೋಟನ್ನು ಒಂದು ವಾರದ ಮೇಲೆ ತುಸು ಸರಿಸಿ ದಿಮ್ಮಿಯ ಜಾಗ ಬದಲಿಸಿದರೆ ಆ ಪಟ್ಟಿಗೂ ಬಣ್ಣ ಬೀಳುತ್ತದೆ. ಪೈಪಿನ ಜಾಲರಿ ಬಿಚ್ಚಿ ಕುದಿಯುವ ನೀರು ಹೊಯ್ಯಿರಿ. ಬಣ್ಣದಲ್ಲಿ ಟ್ರೈಬ್ಯುಟೈಲ್ ಟಿನ್ ಎಂಬ ವಿಷ ಇರಕೂಡದು. ಅದನ್ನು ನಿಷೇಧಿಸುವ ಅಂತರರಾಷ್ಟ್ರೀಯ ಒಪ್ಪಂದ 2008ರಿಂದ ಜಾರಿಯಲ್ಲಿದೆ. ತಾಮ್ರದ ಆಕ್ಸೈಡ್ ಇರುವ ಬಣ್ಣ ಸಾಕು.

ಬೋಟಿನ ಅಡಿಗೆ ಅಂಟಿಬಂದದ್ದು ಏನು ಮಾಡಬಹುದು ಎಂಬುದಕ್ಕೆ ಆಸ್ಟ್ರೇಲಿಯಾದ ಡಾರ್ವಿನ್ ಸಾಕ್ಷಿ. 1999ರ ಮಾರ್ಚಿನಲ್ಲಿ ಅಲ್ಲಿನ ಮರೀನಾದಲ್ಲಿ (ದೋಣಿ ನಿಲ್ಲಿಸುವ ಕಟ್ಟೆಯಲ್ಲಿ) ಅದೇ ಮೈಟಿಲೋಪ್ಸಿಸ್ ಸಿಕ್ಕಿತು. ಆರು ತಿಂಗಳೊಳಗೆ ಬಂದದ್ದು ಚದರ ಮೀಟರಿಗೆ 20 ಸಾವಿರ ದಾಟಿತ್ತು. ಮೂರು ಮರೀನಾಗಳ ಬಾಗಿಲು ಮುಚ್ಚಿ, ಬ್ಲೀಚ್ ಮತ್ತು ಮೈಲುತುತ್ತ ಸುರಿದು ನಿರ್ನಾಮ ಮಾಡಿದರು. ಒಳಗಿದ್ದ ಉಳಿದ ಜೀವಿಗಳೂ ಸತ್ತವು. ಇಷ್ಟಾದರೂ ಗೆದ್ದದ್ದಕ್ಕೆ ಕಾರಣ ಒಂದೇ: ಆ ಮರೀನಾಗಳಿಗೆ ನೀರು ತಡೆಯುವ ಗೇಟುಗಳಿದ್ದವು. ಮಲ್ಪೆಗಾಗಲಿ ಗಂಗೊಳ್ಳಿಗಾಗಲಿ ಮುಚ್ಚಲು ಗೇಟಿಲ್ಲ.

ಪ್ರಶ್ನೆ: ಬಲೆಗೆ ರಾಶಿ ರಾಶಿ ಬೀಳುವ ‘ಕಾರ್ಗಿಲ್ ಮೀನು’ ವಿದೇಶದಿಂದ ಬಂದದ್ದಂತೆ, ಹೌದೇ? (ಉಡುಪಿಯ ಓದುಗರು)

ಅಲ್ಲ. ಕೆಂಪು ಹಲ್ಲಿನ ಕ್ಲಾತಿ, ಓಡೋನಸ್ ನೈಗರ್, ಹಿಂದೂ ಮಹಾಸಾಗರದ್ದೇ ಮೀನು. ಬಲೆ ಕಡಿಯುತ್ತದೆ, ಬೊಂಡಾಸಿಗೆ (ಸ್ಕ್ವಿಡ್) ಹೋದವರಿಗೆ ತಲೆನೋವು ತರುತ್ತದೆ, ನಿಜ. ಆದರೆ ಇದ್ದ ಜಾಗದಲ್ಲೇ ಹೆಚ್ಚಿದ ಮೀನಿಗೂ ಮನುಷ್ಯ ಸಾಗಿಸಿ ತಂದ ಮೀನಿಗೂ ವ್ಯತ್ಯಾಸವಿದೆ, ಪರಿಹಾರವೂ ಬೇರೆ. ಮೊದಲನೆಯದನ್ನು ಹಿಡಿದು ಫಿಶ್‌ಮೀಲ್‌ಗೆ ಕಳಿಸಬಹುದು. ಯಾವ ಬಾಗಿಲನ್ನೂ ಮುಚ್ಚಬೇಕಿಲ್ಲ. ‘ಆಕ್ರಮಣಕಾರಿ’ ಎಂಬುದು ಜೀವಿಯ ಜಾತಿಗುಣವೂ ಅಲ್ಲ, ಅದು ಎಲ್ಲಿದೆ ಎಂಬುದರ ಮೇಲೆ ನಿಂತ ಮಾತು. ನಾವು ಸುಕ್ಕ ಮಾಡಿ ತಿನ್ನುವ ಪಚ್ಚಿಲೆಯೇ 1999ರಲ್ಲಿ ಅಮೆರಿಕದ ಟ್ಯಾಂಪಾ ಕೊಲ್ಲಿಯಲ್ಲಿ ಕಾಣಿಸಿಕೊಂಡು ವಿದ್ಯುತ್ ಸ್ಥಾವರದ ನೀರಿನ ಕೊಳವೆಗಳಿಗೆ ಅಡರಿತು. ಅಲ್ಲಿನವರಿಗೆ ಅದೇ ಪಿಡುಗು.

ಪ್ರಶ್ನೆ: ಹಡಗಿನ ಬ್ಯಾಲಸ್ಟ್ ನೀರಿನಿಂದ ಜೀವಿಗಳು ಬರುತ್ತವೆ ಎಂದು ಓದಿದೆ. ನವಮಂಗಳೂರಿನಂಥ ಬಂದರಿನಲ್ಲಿ ಇದನ್ನು ತಡೆಯುವುದು ಹೇಗೆ? (ಮಂಗಳೂರಿನ ವಿದ್ಯಾರ್ಥಿನಿ)

ಸರಕಿಲ್ಲದ ಹಡಗು ನೀರಿನಲ್ಲಿ ಹಗುರಾಗಿ ಓಲಾಡುತ್ತದೆ, ಅದಕ್ಕೇ ಹೊಟ್ಟೆಗೆ ಕಡಲ ನೀರು ತುಂಬಿಕೊಳ್ಳುತ್ತದೆ. ಸರಕು ಹೇರುವಾಗ ಆ ನೀರು ಹೊರಗೆ. ಹಾಗಾಗಿ ಕಲ್ಲಿದ್ದಲು ಇಳಿಸಲು ಬಂದ ಹಡಗಿಗಿಂತ ಅದಿರಿನ ಉಂಡೆ ಹೇರಲು ಖಾಲಿ ಬಂದ ಹಡಗಿನ ಮೇಲೆ ಹೆಚ್ಚು ಕಣ್ಣಿಡಬೇಕು. ಎಲ್ಲಿ ಸರಕು ಹೊರಡುತ್ತದೋ ಅಲ್ಲಿ ಬೇರೆ ಊರಿನ ನೀರು ಬೀಳುತ್ತದೆ.

2004ರಲ್ಲಿ ಆದ ಬ್ಯಾಲಸ್ಟ್ ನೀರಿನ ಅಂತರರಾಷ್ಟ್ರೀಯ ಒಪ್ಪಂದ 2017ರ ಸೆಪ್ಟೆಂಬರ್ 8ರಂದು ಜಾರಿಗೆ ಬಂತು. ಮೊದಲ ಮಟ್ಟ ನೀರು ಬದಲಾವಣೆ: ದಡದಿಂದ 200 ನಾಟಿಕಲ್ ಮೈಲು ದೂರದಲ್ಲಿ (ಆಗದಿದ್ದರೆ ಕನಿಷ್ಠ 50), 200 ಮೀಟರಿಗಿಂತ ಆಳದ ಕಡಲಿನಲ್ಲಿ ಶೇ. 95ರಷ್ಟು ನೀರು ಬದಲಿಸಬೇಕಿತ್ತು. ತೊಟ್ಟಿಯ ಮೂರು ಪಟ್ಟು ನೀರು ಹಾಯಿಸಿದರೂ ಸರಿಯಾಗಿತ್ತು. ದಡದ ಜೀವಿ ನಡುಗಡಲಿನಲ್ಲಿ ಬದುಕದು, ನಡುಗಡಲಿನದು ದಡದಲ್ಲಿ ಬದುಕದು ಎಂಬುದು ಇದರ ಹಿಂದಿನ ತರ್ಕ. ಉಳಿದ ಶೇ. 5 ಮತ್ತು ತೊಟ್ಟಿಯ ತಳದ ಹೂಳು ಈ ತರ್ಕಕ್ಕೆ ಸಿಗುವುದಿಲ್ಲ. ಹೂಳಿನಲ್ಲಿ ವಿಷಪಾಚಿಗಳ ಗಟ್ಟಿ ಕೋಶಗಳು ಮಲಗಿಕೊಂಡೇ ಪ್ರಯಾಣ ಮಾಡುತ್ತವೆ.

ಎರಡನೇ ಮಟ್ಟ ನೀರಿನ ಶುದ್ಧೀಕರಣ. ಹೊರಬಿಡುವ ನೀರಿನಲ್ಲಿ 50 ಮೈಕ್ರಾನ್ (ಒಂದು ಮೈಕ್ರಾನ್ ಎಂದರೆ ಮಿಲಿಮೀಟರಿನ ಸಾವಿರದಲ್ಲೊಂದು ಭಾಗ) ಮತ್ತು ಅದಕ್ಕೆ ಮೇಲ್ಪಟ್ಟ ಜೀವಂತ ಜೀವಿಗಳು ಒಂದು ಘನ ಮೀಟರಿಗೆ 10ಕ್ಕಿಂತ ಕಡಿಮೆ, 10–50 ಮೈಕ್ರಾನಿನವು ಒಂದು ಮಿಲಿಲೀಟರಿಗೆ 10ಕ್ಕಿಂತ ಕಡಿಮೆ ಇರಬೇಕು. ಕಾಲರಾ ರೋಗಾಣು, ಇ. ಕೋಲೈಗೂ ಮಿತಿಗಳಿವೆ. 2024ರ ಸೆಪ್ಟೆಂಬರ್ 8ರ ಹೊತ್ತಿಗೆ ಒಪ್ಪಂದಕ್ಕೆ ಒಳಪಟ್ಟ ಎಲ್ಲ ಹಡಗುಗಳೂ ಈ ಮಟ್ಟಕ್ಕೆ ಬರಬೇಕಿತ್ತು. ಸಾಮಾನ್ಯವಾಗಿ ಮೊದಲು ಸೋಸುವ ಫಿಲ್ಟರು, ನಂತರ ಅತಿನೇರಳೆ ದೀಪ ಅಥವಾ ಉಪ್ಪುನೀರಿನಿಂದಲೇ ಕ್ಲೋರಿನ್ ಹುಟ್ಟಿಸುವ ಯಂತ್ರ. ಕೈಕೊಡುವುದು ಕೆಸರು ನೀರಿನಲ್ಲಿ: ಫಿಲ್ಟರು ಕಟ್ಟುತ್ತದೆ, ದೀಪದ ಬೆಳಕು ಒಳಗೆ ಇಳಿಯುವುದಿಲ್ಲ. ಕ್ಲೋರಿನ್ ಯಂತ್ರಕ್ಕೆ ಉಪ್ಪು ಕಡಿಮೆಯಾದರೆ ಆಗದು. ನದಿಮುಖದಲ್ಲಿ ಮಳೆಗಾಲದ ಕೆಂಪು ನೀರು ತುಂಬಿಕೊಂಡ ಹಡಗಿಗೆ ಎರಡು ತೊಂದರೆಯೂ ಒಟ್ಟಿಗೇ ಬರುತ್ತವೆ. ತಪಾಸಣೆಯವರು ಮೊದಲು ನೋಡುವುದು ಬ್ಯಾಲಸ್ಟ್ ದಾಖಲೆ ಪುಸ್ತಕ; ಅನುಮಾನ ಬಂದರೆ ಮಾದರಿ ನೀರು.

ಹೀಗೆ ಕಾಯದಿದ್ದರೆ ಏನಾಗುತ್ತದೆಂದು ಕಪ್ಪು ಸಮುದ್ರದವರು ಕಂಡಿದ್ದಾರೆ. 1980ರ ದಶಕದ ಆರಂಭದಲ್ಲಿ ಅಲ್ಲಿಗೆ ಬಂದ ನೆಮಿಯೋಪ್ಸಿಸ್ ಎಂಬ ಲೋಳೆಜೀವಿ ಮೀನಿನ ಮರಿಯ ಆಹಾರವನ್ನೂ ಮೀನಿನ ಮೊಟ್ಟೆಯನ್ನೂ ತಿಂದಿತು. ದಶಕದ ಕೊನೆಗೆ ಅಲ್ಲಿನ ಆಂಚೊವಿ ಮೀನುಗಾರಿಕೆ ನೆಲ ಕಚ್ಚಿತು. ಮಿತಿಮೀರಿದ ಮೀನುಗಾರಿಕೆಯ ಪಾಲೂ ಅದರಲ್ಲಿತ್ತು. 1997ರಲ್ಲಿ ಅದನ್ನೇ ತಿನ್ನುವ ಇನ್ನೊಂದು ಲೋಳೆಜೀವಿ ಬಂದ ಮೇಲೆ ಸ್ವಲ್ಪ ಹಿಡಿತ ಸಿಕ್ಕಿತು. ಅದೂ ಯಾರೂ ಕರೆಯದೆ ಬಂದದ್ದೇ.

ಪ್ರಶ್ನೆ: ಸಹಾಯಧನ ಸಿಗುತ್ತದೆ, ಕಡಲಪಾಚಿ ಬೆಳೆಸಿ ಎನ್ನುತ್ತಿದ್ದಾರೆ. ಕಪ್ಪಾಫೈಕಸ್ ತಳಿ ಅಪಾಯವೇ? (ಭಟ್ಕಳದ ಸ್ವಸಹಾಯ ಸಂಘ)

ಅಪಾಯ ಜಾಗದ ಮೇಲೆ ನಿಂತಿದೆ. ಜೆಲ್ಲಿಯಂಥ ಕ್ಯಾರಜೀನನ್ ತೆಗೆಯಲು ಬೆಳೆಸುವ ಈ ಪಾಚಿ ನಮ್ಮ ದೇಶದ್ದಲ್ಲ, 1980ರ ದಶಕದಲ್ಲಿ ಪ್ರಯೋಗಕ್ಕೆಂದು ತಂದದ್ದು. ಆಮೇಲೆ ತಮಿಳುನಾಡಿನ ಮಂಡಪಂ ಕಡೆ ಕೃಷಿಯಾಯಿತು. ಮನ್ನಾರ್ ಕೊಲ್ಲಿಯ ಕುರುಸಡೈ ದ್ವೀಪದಲ್ಲಿ ಅದು ಹವಳದ ಮೇಲೆ ಹಬ್ಬಿ, ಬೆಳಕು ಮುಚ್ಚಿ ಹವಳ ಸಾಯಿಸುತ್ತಿರುವುದನ್ನು 2008ರಲ್ಲಿ ವಿಜ್ಞಾನಿಗಳು ವರದಿ ಮಾಡಿದರು. ಬೀಜ ಬೇಕಿಲ್ಲ, ಮುರಿದ ತುಂಡೇ ಗಿಡವಾಗುತ್ತದೆ.

ಮಂಡಪಂ ಪದ್ಧತಿಯಲ್ಲಿ 12 ಅಡಿ ಚೌಕದ ಬಿದಿರಿನ ತೆಪ್ಪಕ್ಕೆ ಸುಮಾರು 60 ಕೆ.ಜಿ. ಬೀಜ, 45 ದಿನಕ್ಕೆ ಕೊಯ್ಲು. ಅದೇ ತೆಪ್ಪವನ್ನು ನಮ್ಮ ತೆರೆದ ಕಡಲಿಗೆ ಇಳಿಸಿದರೆ ಅಲೆ ಅದನ್ನು ಕಟ್ಟಿದ ಹಾಗೇ ಬಿಡುವುದಿಲ್ಲ. ನಿಮ್ಮ ಕಡೆಯಿಂದ ಮುರ್ಡೇಶ್ವರ ಎದುರಿನ ನೇತ್ರಾಣಿ ದೂರವಲ್ಲ, ಅಲ್ಲಿ ಹವಳಗಳಿವೆ. ನಮ್ಮ ಸಲಹೆ: ಆ ದಿಕ್ಕಿಗೆ ಈ ತಳಿ ಬೇಡವೇ ಬೇಡ, ಸ್ಥಳೀಯ ಗ್ರಾಸಿಲೇರಿಯಾ ಜಾತಿಗಳನ್ನು ಕೇಳಿ ನೋಡಿ. ಬೇರೆ ಕಡೆ ಬೆಳೆಸುವುದೇ ಆದರೆ ಬಿಡಿಹಗ್ಗಕ್ಕೆ ಕಟ್ಟುವ ಬದಲು ಕೊಳವೆಬಲೆಯೊಳಗೆ ತುಂಬಿ, ತೆಪ್ಪದ ಅಡಿಗೆ ಇನ್ನೊಂದು ಬಲೆ ಕಟ್ಟಿ. ಮೀನು ಮೇಯುವುದೂ ತಪ್ಪುತ್ತದೆ, ತುಂಡು ಜಾರುವುದೂ ತಪ್ಪುತ್ತದೆ. ಮೇ ಮಧ್ಯದೊಳಗೆ ಪೂರ್ತಿ ಮೇಲೆತ್ತಿ. ‘ಮುಂದಿನ ವರ್ಷದ ಬೀಜಕ್ಕೆ ಎರಡು ತೆಪ್ಪ ಇರಲಿ’ ಎಂದು ಬಿಟ್ಟರೆ ಜೂನಿನ ಮೊದಲ ತೂಫಾನಿಗೆ ಅದು ಯಾವ ಬಂಡೆ ಸೇರುತ್ತದೋ ಹೇಳಲಾಗದು.

ಪ್ರಶ್ನೆ: ಮನೆಯ ಉಪ್ಪುನೀರಿನ ಅಕ್ವೇರಿಯಂ ಮುಚ್ಚುತ್ತಿದ್ದೇನೆ. ಮೀನು, ಕಾಲೆರ್ಪಾ ಪಾಚಿಯನ್ನು ಕಡಲಿಗೇ ಬಿಟ್ಟರೆ ಪುಣ್ಯವಲ್ಲವೇ? ಅನುಮಾನದ ಜೀವಿ ಕಂಡರೆ ಯಾರಿಗೆ ತೋರಿಸಬೇಕು? (ಬೆಂಗಳೂರಿನ ಓದುಗರು)

ಬಿಡಬೇಡಿ. ನಮ್ಮ ಕಡಲಿನ ಸಿಂಹಮೀನು ಫ್ಲಾರಿಡಾದ ನೀರಿನಲ್ಲಿ 1985ರಲ್ಲಿ ಕಾಣಿಸಿದ್ದು ಅಕ್ವೇರಿಯಂನವರ ಇಂಥದೇ ಪುಣ್ಯದಿಂದ ಎಂದು ತಜ್ಞರ ಅಂದಾಜು. ಈಗ ಕೆರಿಬಿಯನ್ ತುಂಬ ಅದೇ. ಕಾಲೆರ್ಪಾ 2000ದಲ್ಲಿ ಕ್ಯಾಲಿಫೋರ್ನಿಯಾದ ಹಿನ್ನೀರೊಂದರಲ್ಲಿ ಸಿಕ್ಕಾಗ ಕಪ್ಪು ಟಾರ್ಪಾಲು ಮುಚ್ಚಿ, ಒಳಗೆ ಕ್ಲೋರಿನ್ ಹಾಯಿಸಿ, ನಿರ್ಮೂಲವಾಯಿತೆಂದು ಘೋಷಿಸಲು 2006 ಆಯಿತು. ಮೀನನ್ನು ಅಂಗಡಿಗೆ ಅಥವಾ ಇನ್ನೊಬ್ಬ ಹವ್ಯಾಸಿಗೆ ಕೊಡಿ. ಪಾಚಿಯನ್ನು ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ ಎರಡು ದಿನ ಫ್ರೀಜರಿನಲ್ಲಿಟ್ಟು ಕಸಕ್ಕೆ ಹಾಕಿ. ತೊಟ್ಟಿಯ ಕಲ್ಲನ್ನು ಕುದಿಸಬೇಡಿ, ಕಲ್ಲಿಗೆ ಅಂಟಿದ ಕೆಲವು ಹವಳದಂಥ ಜೀವಿಗಳ ವಿಷ ಹಬೆಯಲ್ಲಿ ಬರುತ್ತದೆ. ಬಿಸಿಲಿನಲ್ಲಿ ವಾರಗಟ್ಟಲೆ ಒಣಗಿಸಿ.

ಅನುಮಾನದ ಜೀವಿಗೆ: ನಾಣ್ಯ ಪಕ್ಕದಲ್ಲಿಟ್ಟು ಹೊರಮೈ, ಒಳಮೈ ಎರಡರ ಫೋಟೊ. ಹತ್ತು ಮಾದರಿಗಳು, ಗಟ್ಟಿ ಮುಚ್ಚಳದ ಬಾಟಲಿ, ಮುಳುಗುವಷ್ಟು ಶುದ್ಧ ಆಲ್ಕೊಹಾಲ್. ಒಳಗೆ ಪೆನ್ಸಿಲಿನಲ್ಲಿ ಬರೆದ ಚೀಟಿ (ಪೆನ್ನಿನ ಶಾಯಿ ಅಳಿಸಿಹೋಗುತ್ತದೆ): ದಿನ, ಜಾಗ, ಯಾವುದಕ್ಕೆ ಅಂಟಿತ್ತು, ಎಷ್ಟು ಆಳ. ಮಂಗಳೂರಿನ ಮೀನುಗಾರಿಕಾ ಕಾಲೇಜು, ಅಲ್ಲಿಯೇ ಇರುವ ಕೇಂದ್ರೀಯ ಸಾಗರ ಮೀನುಗಾರಿಕಾ ಸಂಶೋಧನಾ ಸಂಸ್ಥೆಯ ಕೇಂದ್ರ, ಕಾರವಾರದ ಸಾಗರ ಜೀವವಿಜ್ಞಾನ ವಿಭಾಗ, ಇವುಗಳಲ್ಲಿ ಹತ್ತಿರದ್ದಕ್ಕೆ ಒಯ್ಯಿರಿ. ಫಾರ್ಮಲಿನ್ ಹಾಕಬೇಡಿ. ಅದರಲ್ಲಿಟ್ಟ ಮಾದರಿಯಿಂದ ಡಿಎನ್ಎ ತೆಗೆಯುವುದು ಬಹಳ ಕಷ್ಟ, ಚಿಪ್ಪೂ ನಿಧಾನವಾಗಿ ಕರಗುತ್ತದೆ.